ಒಂಬತ್ತು ಮನೆಯ ಹಿಟ್ಟು

ಮಿರಜಿನಿಂದ ಕಾರ್ಡು ಬಂದಾಗ ನಾನು ಮೆಂತ್ಯದ ಸೊಪ್ಪು ಬಿಡಿಸುತ್ತ ಕೂತಿದ್ದೆ. ಬಾಯಿಯವರು ತೀರಿಕೊಂಡು ಹನ್ನೆರಡು ದಿನವಾಯಿತೆಂದು ಅವರ ತಂಗಿಯ ಮಗ ಮರಾಠಿಯಲ್ಲಿ ನಾಲ್ಕು ಸಾಲು ಬರೆದಿದ್ದ. ಓದಿದೆ. ಕಾರ್ಡನ್ನು ಗೋಡೆಯ ಮೊಳೆಗೆ ಸಿಕ್ಕಿಸಿ ಉಳಿದ ಸೊಪ್ಪನ್ನೂ ಬಿಡಿಸಿ ಮುಗಿಸಿದೆ. ಅಳು ಬರಲಿಲ್ಲ. ನಾಳೆ ಬಂದೀತು, ನಾಡಿದ್ದು ಬಂದೀತು ಎಂದು ವಾರಗಟ್ಟಲೆ ಕಾದೆ. ಇನ್ನು ಬರುವುದಿಲ್ಲ ಎಂದು ಖಾತ್ರಿಯಾದ ಮೇಲೆ ಬರೆಯಲು ಕೂತಿದ್ದೇನೆ. ಅವರ ಹೆಸರು ಬರೆಯುವುದಿಲ್ಲ. ಇದ್ದಾಗಲೂ ಅವರ ಹೆಸರು ಹಿಡಿದು ಕರೆದವರನ್ನು ನಾನು ಕಾಣಲಿಲ್ಲ. ನಮ್ಮ ಕಡೆ ಮರಾಠಿ ಮನೆಮಾತಿನ ಹಿರಿಯ ಹೆಂಗಸರನ್ನು ಬಾಯಿ, ಬಾಯಿಯವರು ಎನ್ನುವುದು ರೂಢಿ. ಅಷ್ಟೇ ಸಾಕು.

ಸಂಸ್ಥಾನಗಳೆಲ್ಲ ಹೋಗಿ ಜಮಖಂಡಿ, ಮುಧೋಳಗಳು ಮುಂಬಯಿ ರಾಜ್ಯಕ್ಕೆ ಸೇರಿ ಇನ್ನೂ ಬಹಳ ವರ್ಷಗಳಾಗಿರಲಿಲ್ಲ. ಕಾಳು, ಸಕ್ಕರೆ, ಚಿಮಣಿ ಎಣ್ಣೆ ಎಲ್ಲಕ್ಕೂ ಕಂಟ್ರೋಲು. ಜನ ಏನು ತಿನ್ನುತ್ತಾರೆ, ಎಷ್ಟು ತಿನ್ನುತ್ತಾರೆ ಎಂಬುದನ್ನು ಮನೆಮನೆಗೆ ಹೋಗಿ ತೂಗಿ ಬರೆದುಕೊಂಡು ಬರಬೇಕೆಂದು ಸರಕಾರ ಬಾಯಿಯವರನ್ನು ಕಳಿಸಿತ್ತು. ತೂಕ ಎಲ್ಲಿ ಕಡಿಮೆ ಬರುತ್ತದೋ ಅಲ್ಲಿ ಬೇಸಗೆ ಮುಗಿಯುವ ತನಕ ಗಂಜಿ ಕೇಂದ್ರ ತೆರೆಯುತ್ತಾರೆ. ಸರಿಯಾಗಿ ಬಂದರೆ ಇಲ್ಲ. ಕೆಲಸ ಇಷ್ಟೇ. ಅವರು ತೂಗುವುದು, ನಾನು ಬರೆಯುವುದು. ನಾನು ರಬಕವಿಯ ನೇಕಾರರ ಮನೆಯವಳು. ಏಳನೆಯ ಇಯತ್ತೆ ಮುಗಿಸಿ ಮುಲ್ಕಿ ಪರೀಕ್ಷೆ ಪಾಸಾದ ಹುಡುಗಿಯರು ಆಗ ನಮ್ಮ ಓಣಿಯಲ್ಲಿ ನನ್ನ ಬಿಟ್ಟು ಇನ್ನೊಬ್ಬರಿರಲಿಲ್ಲ. ಆ ಜಂಬವೂ ನನಗಿತ್ತು.

ಬಾಯಿಯವರು ಹದಿನಾರಕ್ಕೆ ಗಂಡನನ್ನು ಕಳೆದುಕೊಂಡು, ಪುಣೆಯ ಒಂದು ಆಶ್ರಮದಲ್ಲಿದ್ದು ಓದಿದವರು. ನಾನು ಕಂಡಾಗ ನಲವತ್ತೈದರ ಆಸುಪಾಸು. ಒಣಕಲು ಮೈ, ಬಣ್ಣವಿಲ್ಲದ ಒಂಬತ್ತು ಗಜದ ಸೀರೆ, ಗಂಡಸರ ಕೊಡೆ, ಕಾಲಲ್ಲಿ ಕರಕರ ಎನ್ನುವ ಕೊಲ್ಹಾಪುರಿ ಚಪ್ಪಲಿ. ತಕ್ಕಡಿಯನ್ನು ಮಗುವಿನ ಹಾಗೆ ಬಟ್ಟೆಯಲ್ಲಿ ಸುತ್ತಿ ತಾವೇ ಹೊತ್ತುಕೊಳ್ಳುತ್ತಿದ್ದರು, ಕಲ್ಲುಗಳ ಚೀಲ ನನ್ನ ಹೆಗಲಿಗೆ. ಪ್ರತಿ ಮನೆಯಲ್ಲೂ ತೂಗುವುದಕ್ಕೆ ಮೊದಲು ಎರಡೂ ತಟ್ಟೆಗಳನ್ನು ಸೆರಗಿನಿಂದ ಒರೆಸಿ, ಖಾಲಿ ತಕ್ಕಡಿಯನ್ನು ಎತ್ತಿ ಮುಳ್ಳು ನಡುವೆ ನಿಲ್ಲುವ ತನಕ ಉಸಿರು ಹಿಡಿದು ನೋಡುತ್ತಿದ್ದರು. ಆಗ ಯಾರಾದರೂ ಕೆಮ್ಮಿದರೂ ಅವರಿಗೆ ಸಿಟ್ಟು ಬರುತ್ತಿತ್ತು.

“ತಕ್ಕಡಿಗೆ ದಾಕ್ಷಿಣ್ಯ ಇಲ್ಲ ನೋಡು,” ಎನ್ನುತ್ತಿದ್ದರು ನನಗೆ. “ಮಂದಿಗೆ ಅದ. ಅದಕ್ಕ ಮಂದೀನ್ನ ಕೇಳಬಾರದು, ತಕ್ಕಡೀನ್ನ ಕೇಳಬೇಕು.”

ಅವರು ಮಡಿಯವರು. ಅಡಿಗೆಮನೆಯ ಹೊಸ್ತಿಲ ತನಕ ಬಂದು ಅಲ್ಲೇ ನಿಲ್ಲುವರು. ಒಳಗೆ ಹೋಗಿ ಹಿಟ್ಟು ಮುಟ್ಟಿ ತಟ್ಟೆಗೆ ಸುರಿಯುವವಳು ನಾನು; ಕೈ ಚಾಚಿ ತಕ್ಕಡಿ ಹಿಡಿದು ತೂಕ ಹೇಳುವವರು ಅವರು. ಯಾರ ಮನೆಯಲ್ಲೂ ನೀರು ಕುಡಿಯುತ್ತಿರಲಿಲ್ಲ. ಜಮಖಂಡಿಯಲ್ಲಿ ನಮಗೆ ಕೊಟ್ಟಿದ್ದ ಖೋಲಿಯಲ್ಲಿ ಎರಡು ಒಲೆ, ಎರಡು ಕೊಡ. ನನ್ನ ಕೊಡದ ನೀರು ಅವರಿಗೆ ನಡೆಯದು. ಮೊದಮೊದಲು ನನಗೆ ಮೈಯೆಲ್ಲ ಉರಿಯುತ್ತಿತ್ತು. ಒಂದು ದಿನ ಬಾಯಿಬಿಟ್ಟು ಕೇಳಿಯೇ ಬಿಟ್ಟೆ, ಊರ ಮಂದಿಯ ಹಸಿವು ತೂಗುವವರಿಗೆ ನನ್ನ ಕೈ ನೀರೇಕೆ ಮೈಲಿಗೆ ಎಂದು. ಅವರು ಬೈಯಲಿಲ್ಲ. “ನಿಂದೇನೂ ತಪ್ಪಿಲ್ಲ ತಂಗಿ. ನನಗ ರೂಢಿ ತಪ್ಪಲಿಕ್ಕೆ ಭಯ ಆಗ್ತದ, ಅಷ್ಟ,” ಎಂದು ಹೇಳಿ ತಮ್ಮ ಕೊಡದ ಮೇಲೆ ತಟ್ಟೆ ಮುಚ್ಚಿದರು. ಅಷ್ಟು ನೇರವಾಗಿ ಹೇಳಿದವರ ಮೇಲೆ ಸಿಟ್ಟು ಎಷ್ಟು ದಿನ ಉಳಿದೀತು? ನನ್ನದೂ ಇಳಿಯಿತು.

ಮುಧೋಳದ ಒಂದು ವಾಡೆಯಲ್ಲಿ ಮನೆಯೊಡತಿ ತುಪ್ಪ, ಹಪ್ಪಳ, ಐದು ಬಗೆಯ ಉಪ್ಪಿನಕಾಯಿ ಎಲ್ಲವನ್ನೂ ತಂದು ಸಾಲಾಗಿ ಇಟ್ಟು, ಒಂದನ್ನೂ ಬಿಡದೆ ತೂಗಬೇಕೆಂದು ಹಟ ಹಿಡಿದಳು. ಬಾಯಿಯವರು ಬಿಡದೆ ತೂಗಿದರು. ಹೊರಗೆ ಬಂದ ಮೇಲೆ, “ಅಗಬಾಯಿ, ಈಕೀಗೆ ಗಂಜಿ ಕೇಂದ್ರ ಬ್ಯಾಡ, ಔಷಧದ ಅಂಗಡಿ ಬೇಕು,” ಎಂದರು. ಅವರು ನಗೆಚಾಟಿಕೆ ಮಾಡಿದ್ದು ಕಡಿಮೆ. ಅದಕ್ಕೇ ನೆನಪಿದೆ.

ಬೀಳಗಿ ಕಡೆಯ ಒಂದು ಹಳ್ಳಿಯಲ್ಲಿ ಬೀರೇಶ್ವರನ ಒಕ್ಕಲಿನ ಮುದುಕನೊಬ್ಬ, ಹೆಗಲ ಮೇಲೆ ಕಂಬಳಿ, ನಮ್ಮನ್ನು ಕಂಡವನೇ ಒಳಗಿನಿಂದ ಗಡಿಗೆ ತಂದು ಅಂಗಳದಲ್ಲಿ ಬೋರಲು ಹಾಕಿದ. “ತೂಗ್ರಿ ಬಾಯಾರ. ಏನ ಬೀಳತೈತಿ ನೋಡ್ರಿ. ಕುರಿ ಇದ್ದಾಗ ಹಾಲ ಕುಡದೀವಿ, ಕುರಿ ಹ್ವಾದು, ಈಗ ನೀರ ಕುಡ್ಯಾಕತ್ತೀವಿ. ಬರಕೋ ಬೇ ತಂಗಿ,” ಎಂದ. ಬರೆದುಕೊಂಡೆ. ಆ ಹಳ್ಳಿಗೆ ಹದಿನೈದು ದಿನದೊಳಗೆ ಗಂಜಿ ಬಂತು. ಮುದುಕನಿಗೆ ನಾಚಿಕೆಯಿರಲಿಲ್ಲ ಎಂದು ಆಗ ನಾನು ನಕ್ಕಿದ್ದೆ.

ಆಮೇಲೆ ಬನಹಟ್ಟಿ.

ಆ ವರ್ಷ ನೂಲಿನ ಕಂಟ್ರೋಲು ನೇಕಾರರ ಕುತ್ತಿಗೆಗೆ ಬಂದಿತ್ತು. ನೂಲು ಬರದಿದ್ದರೆ ಮಗ್ಗವಿಲ್ಲ, ಮಗ್ಗವಿಲ್ಲದಿದ್ದರೆ ಸಂತೆಯಿಲ್ಲ. ನಾವು ಆರಿಸಿಕೊಂಡ ಓಣಿಯಲ್ಲಿ ಒಂಬತ್ತು ಮನೆ. ಮೊದಲನೆಯ ಮನೆಯಲ್ಲಿ ಮಾತ್ರ ಒಂದು ಮಗ್ಗ ನಡೆಯುತ್ತಿತ್ತು. ಉಳಿದೆಡೆ ಮಗ್ಗದ ಕುಣಿಯಲ್ಲಿ ಮಕ್ಕಳು ಇಳಿದು ಆಡುತ್ತಿದ್ದವು. ನಮ್ಮ ಪದ್ಧತಿ ಹೀಗಿತ್ತು: ಹಿಂದಿನ ದಿನವೇ ಹೋಗಿ, ನಾಳೆ ಬರುತ್ತೇವೆ, ನಾವು ಬರುವ ತನಕ ರೊಟ್ಟಿ ಬಡಿಯಬೇಡಿರಿ ಎಂದು ಹೇಳಿ ಬರುವುದು. ಬೆಳಿಗ್ಗೆ ಸಾಲು ಹಿಡಿದು ಒಂದೊಂದೇ ಮನೆಯಲ್ಲಿ ಅವತ್ತಿನ ಹಿಟ್ಟು ತೂಗುವುದು. ಸಂಜೆ ಮತ್ತೆ ಹೋಗಿ ಉಳಿದದ್ದನ್ನು ತೂಗುವುದು. ಮೊದಲಿನದರಲ್ಲಿ ಉಳಿದದ್ದನ್ನು ಕಳೆದರೆ ಆ ಮನೆಯವರು ಉಂಡದ್ದು ಸಿಗುತ್ತದೆ. ಕಾಗದದ ಮೇಲೆ ಇದಕ್ಕಿಂತ ಸರಳವಾದದ್ದಿಲ್ಲ.

ಮೊದಲ ಮನೆಯ ಹಿಟ್ಟನ್ನು ತಟ್ಟೆಗೆ ಸುರಿಯುವಾಗ ಬೆರಳಿಗೆ ಹರಳು ಹತ್ತಿದವು. ಬೀಸುಕಲ್ಲಿಗೆ ಹೊಸದಾಗಿ ಉಳಿ ಹೊಡೆಸಿದಾಗ ಮೊದಲಿನ ಒಂದೆರಡು ಬೀಸಿನ ಹಿಟ್ಟಿನಲ್ಲಿ ಕಲ್ಲಿನ ಪುಡಿ ಉಳಿಯುತ್ತದೆ. ಇದು ಯಾವ ಹೆಂಗಸಿಗೂ ಗೊತ್ತು. ಎರಡನೆಯ ಮನೆಯ ಹಿಟ್ಟಿನಲ್ಲೂ ಅದೇ ಹರಳು. ಆ ಮನೆಯ ಬೀಸುಕಲ್ಲು ಮೂಲೆಯಲ್ಲಿ ಜೇಡರಬಲೆ ಕಟ್ಟಿಕೊಂಡು ನಿಂತಿತ್ತು. ಮೂರನೆಯದು ಗಂಗವ್ವನ ಮನೆ. ಗಂಡ, ಹೆಂಡತಿ, ಆರು ವರ್ಷದ ಒಬ್ಬ ಮಗ, ಎರಡು ವರ್ಷದ ಒಬ್ಬಳು ಮಗಳು. ನಾನು ಒಳಗೆ ಹೋದಾಗ ಹಿತ್ತಲ ಬಾಗಿಲು ಇನ್ನೂ ಅಲುಗಾಡುತ್ತಿತ್ತು. ಬುಟ್ಟಿಗೆ ಕೈಯಿಟ್ಟೆ. ಅದೇ ಹರಳು. ತಲೆಯೆತ್ತಿದೆ. ಗಂಗವ್ವ ನನ್ನನ್ನೇ ನೋಡುತ್ತಿದ್ದಳು.

“ಅಕ್ಕಾರ,” ಎಂದು ಪಿಸುಗುಟ್ಟಿ ನನ್ನ ಮಣಿಕಟ್ಟು ಹಿಡಿದಳು, “ಹೇಳಬ್ಯಾಡ್ರಿ. ನೀವೂ ನಮ್ಮ ಪೈಕಿನ ಅದೀರಿ. ಬಾಯಾರು ದೊಡ್ಡ ಮಂದಿ, ಮನಿಗಿ ಬಂದಾರ. ಅವ್ರ ಮುಂದ ಖಾಲಿ ಬುಟ್ಟಿ ಹ್ಯಾಂಗ ಇಡೂದ್ರಿ?”

ಹೊಸ್ತಿಲಲ್ಲಿ ಬಾಯಿಯವರು ತಕ್ಕಡಿ ಹಿಡಿದು ಕಾಯುತ್ತಿದ್ದರು. “ಏನ ಮಾಡ್ಲಿಕ್ಕತ್ತೀ ತಂಗಿ? ಹೊತ್ತಾಗ್ತದ,” ಎಂದರು.

ನನ್ನ ತಾಯಿಯೂ ಹೀಗೆಯೇ ಮಾಡಿದ್ದಳು. ನನ್ನನ್ನು ನೋಡಲು ಗಂಡಿನ ಕಡೆಯವರು ಬಂದ ದಿನ ನಮ್ಮ ಮನೆಯ ಹಿಟ್ಟು, ತಂಬಿಗೆ, ಚಾಪೆ ಎಲ್ಲ ಪಕ್ಕದವರವು. ಬಂದವರೆದುರು ಇಲ್ಲ ಎನ್ನಬಾರದು, ಅಷ್ಟೇ ನಮಗೆ ಗೊತ್ತಿದ್ದದ್ದು. ಹಿಟ್ಟನ್ನು ತಟ್ಟೆಗೆ ಸುರಿದೆ. ಬಾಯಿಯವರು ತೂಕ ಹೇಳಿದರು. ಬರೆದುಕೊಂಡೆ. ಹೀಗೆ ಒಂಬತ್ತೂ ಮನೆ. ಹಿಟ್ಟು ಹಿತ್ತಲಿಂದ ಹಿತ್ತಲಿಗೆ, ನಾವು ಬಾಗಿಲಿಂದ ಬಾಗಿಲಿಗೆ. ಸಂಜೆ ಹೋದಾಗ ಒಂಬತ್ತೂ ಮನೆಯಲ್ಲಿ ಒಂದೇ ಉತ್ತರ: “ಏನೂ ಉಳದಿಲ್ರಿ, ಎಲ್ಲಾ ಉಂಡೀವಿ.” ಉಳಿದದ್ದು ಸೊನ್ನೆ ಎಂದು ಬರೆದೆ. ತೂಗಿದ್ದೆಲ್ಲ ಉಂಡಂತಾಯಿತು. ಖಾಲಿ ಬುಟ್ಟಿಗಳನ್ನು ಹೊಟ್ಟೆ ತುಂಬಿದ ಲೆಕ್ಕಕ್ಕೆ ಹಿಡಿದೆವು.

ಆ ಓಣಿಯ ಹಾಳೆಯ ಕೊನೆಗೆ ಬಾಯಿಯವರು ‘ಸಾಕಷ್ಟು’ ಎಂದು ಬರೆದು ಸಹಿ ಮಾಡಿ ವಿಜಾಪುರದ ಜಿಲ್ಲಾ ಕಚೇರಿಗೆ ಕಳಿಸಿದರು. ನಾನೇ ಲಕೋಟೆಗೆ ಅಂಟು ಹಚ್ಚಿದೆ.

ಒಂದೂವರೆ ತಿಂಗಳಿಗೆ ಗಂಗವ್ವನ ಮಗಳು ಹೋಯಿತು. ಜ್ವರ ಬಂತು, ಭೇದಿಯಾಯಿತು, ಮೂರನೆಯ ದಿನ ಹೋಯಿತು ಎಂದು ರಬಕವಿಗೆ ಹೋದಾಗ ನಮ್ಮ ತಾಯಿ ಹೇಳಿದಳು. “ಕೂಸಿನ ಮೈಯಾಗ ಏನ ಇತ್ತ, ಜ್ವರ ತಡಕೊಳ್ಳಾಕ?” ಎಂದಳು. ಎದೆ ಒಡೆಯುತ್ತದೆ, ಕರುಳು ಕಿತ್ತು ಬರುತ್ತದೆ ಎಂದೆಲ್ಲ ಹೇಳುತ್ತಾರಲ್ಲ, ನನಗೆ ಅಂಥದ್ದು ಯಾವುದೂ ಆಗಲಿಲ್ಲ. ಕೈಕಾಲು ಜೋಮು ಹಿಡಿದಾಗ ಚಿವುಟಿದರೂ ಗೊತ್ತಾಗದಲ್ಲ, ಮೈಪೂರ್ತಿ ಹಾಗಾಯಿತು. ತಾಯಿ ಬಡಿಸಿದ್ದನ್ನು ಉಂಡು, ಮರುದಿನದ ಮೋಟಾರು ಹಿಡಿದು ಜಮಖಂಡಿಗೆ ಬಂದೆ.

ಬಾಯಿಯವರು ಖೋಲಿಯ ಮುಂದೆ ಸೀರೆ ಹಿಂಡುತ್ತಿದ್ದರು. ಚೀಲವನ್ನೂ ಕೆಳಗಿಡದೆ ನಿಂತಲ್ಲೇ ಹೇಳಿದೆ. ಬನಹಟ್ಟಿಯಲ್ಲಿ ತೂಗಿದ್ದು ಒಂದೇ ಮನೆಯ ಹಿಟ್ಟು, ಒಂಬತ್ತು ಮನೆ ಸುತ್ತಿತು, ಗಂಗವ್ವನ ಕೂಸು ಹೋಯಿತು ಎಂದೆ.

“ನಿನಗ ಯಾವಾಗ ಗೊತ್ತಾತು?”

“ಎರಡನೇ ಮನ್ಯಾಗ್ರಿ.”

ಹಿಂಡುತ್ತಿದ್ದ ಸೀರೆಯನ್ನು ಹಾಗೆಯೇ ಕಲ್ಲಿನ ಮೇಲೆ ಬಿಟ್ಟರು. “ಹ್ಯಾಂಗ ಗೊತ್ತಾತು?”

“ಕೈಗೆ ಹರಳ ಹತ್ತಿದ್ವರಿ.”

ಅವರು ತಮ್ಮ ಒದ್ದೆ ಅಂಗೈಗಳನ್ನು ಒಂದು ಸಲ ನೋಡಿಕೊಂಡರು. “ನಾ ಮುಟ್ಟೇ ಇಲ್ಲಲ್ಲ,” ಎಂದರು. “ಒಂದ ಸಲ ಮುಟ್ಟಿದ್ರ ನನಗೂ ಗೊತ್ತಾಗ್ತಿತ್ತು.”

ನನ್ನ ಕೆನ್ನೆಗೆ ಎರಡು ಹೊಡೆದಿದ್ದರೆ ಚೆನ್ನಾಗಿತ್ತು. ಅವರು ಹೊಡೆಯಲಿಲ್ಲ, ಬೈಯಲೂ ಇಲ್ಲ. ಒಳಗೆ ಹೋಗಿ ಟ್ರಂಕಿನಿಂದ ಬನಹಟ್ಟಿಯ ಹಾಳೆಯ ನಕಲು ತೆಗೆದು ಕಿಟಕಿಯ ಬೆಳಕಿಗೆ ಹಿಡಿದರು. ಒಂಬತ್ತು ಮನೆ, ಒಂಬತ್ತು ತೂಕ. ಬಹಳ ಹೊತ್ತು ನೋಡಿ ನನ್ನನ್ನು ಹತ್ತಿರ ಕರೆದರು. ಮೊದಲನೆಯ ಮನೆಗಿಂತ ಎರಡನೆಯದರಲ್ಲಿ ತುಸು ಕಡಿಮೆ, ಎರಡನೆಯದಕ್ಕಿಂತ ಮೂರನೆಯದರಲ್ಲಿ ತುಸು ಕಡಿಮೆ, ಹೀಗೆ ಕೊನೆಯ ತನಕ ತೂಕ ಇಳಿಯುತ್ತ ಹೋಗಿತ್ತು. ನನ್ನ ಕೈಯಿಂದಲೇ ಬರೆದಿದ್ದರೂ ನನಗೆ ಅದು ಕಂಡಿರಲಿಲ್ಲ.

“ಇದೇನು? ನಡುವ ಚೆಲ್ಲಿತೇನು?” ಎಂದು ಕೇಳಿದರು.

“ಇಲ್ರಿ,” ಎಂದೆ. ಹೇಳುತ್ತ ಹೇಳುತ್ತ ನನಗೂ ತಿಳಿಯಿತು. “ಹಿಟ್ಟು ಮುಂದಿನ ಮನಿಗೆ ಕೊಡೂ ಮುಂಚೆ ಒಂದ ಹಿಡಿ ಇಟ್ಕೊಂಡಾರ್ರಿ.”

ಪೆನ್ಸಿಲು ತೆಗೆದುಕೊಂಡು ಒಂದರಲ್ಲಿ ಒಂದನ್ನು ಕಳೆಯುತ್ತ ಹೋದರು. ಕಳೆದು ಬಂದ ತೂಕವನ್ನು ಪಕ್ಕದಲ್ಲಿ ಸಣ್ಣ ಅಕ್ಷರದಲ್ಲಿ ಬರೆದರು. ಗಂಗವ್ವನ ಮನೆಯ ಎದುರು ಬರೆದದ್ದು, ನಾಲ್ಕು ಜನರಿಗೆ, ಒಂದೇ ರೊಟ್ಟಿಯ ಹಿಟ್ಟು. “ಅವ್ರು ಖರೇ ಉಂಡಿದ್ದು ಇದು,” ಎಂದರು. “ಇಲ್ಲೇ ಬರದಿತ್ತು. ನಾ ಸಹಿ ಮಾಡಿ ಕಳಿಸಿದೆ.”

ಮರುದಿನ ಬೆಳಗಾಗುತ್ತಲೇ ಇಬ್ಬರೂ ಬನಹಟ್ಟಿಗೆ ಹೋದೆವು. ತಕ್ಕಡಿ ತೆಗೆದುಕೊಂಡಿರಲಿಲ್ಲ. ಮೊದಲ ಮನೆಯ ಮುದುಕಿ ಏನನ್ನೂ ಮುಚ್ಚಿಡಲಿಲ್ಲ. “ನಾನ ಹೇಳಿದ್ನಿರಿ, ಒಂದೊಂದ ಹಿಡಿ ಇಟ್ಕೊಂಡ ಮುಂದ ದಾಟಸ್ರಿ ಅಂತ. ನಮಗೂ ಅಷ್ಟ ಇತ್ತು. ತಿರುಗಿ ಬಂದದ್ದ ಎರಡ ದಿನ ತಿಂದ್ವಿ. ಗಂಜಿ ಕೊಡೂದಕ್ಕ ತೂಗತಾರ ಅಂತ ನಮಗೇನ ಗೊತ್ತರಿ? ತೂಕ ಕಡಿಮಿ ಬಂದ್ರ ಓಣಿ ಹೆಸರ ಕೆಡತೈತಿ ಅಂದ್ಕೊಂಡ್ವಿ,” ಎಂದಳು. ತೂಗುವುದು ಯಾತಕ್ಕೆಂದು ಆ ಓಣಿಯಲ್ಲಿ ನಾವು ಹೇಳಿಯೇ ಇರಲಿಲ್ಲ. ಹೇಳಿದರೆ ಜನ ಸುಳ್ಳು ಹೇಳುತ್ತಾರೆ, ಹೇಳಕೂಡದು ಎಂದು ಮೇಲಿನವರ ಅಪ್ಪಣೆಯಾಗಿತ್ತು.

ಬಾಯಿಯವರು ವಿಜಾಪುರಕ್ಕೆ ಬರೆದ ಕಾಗದವನ್ನು ಚೊಕ್ಕ ಪ್ರತಿ ಮಾಡಿದವಳು ನಾನೇ. ಈ ತೂಕ ತಪ್ಪು, ತಪ್ಪು ನನ್ನದು, ಅಡಿಗೆಮನೆಯೊಳಗೆ ಹೋಗದೆ ಹೊಸ್ತಿಲಲ್ಲಿ ನಿಂತು ತೂಗಿದೆ, ಸರಿಯಾದ ತೂಕವನ್ನು ಇದರ ಕೆಳಗೆ ಬರೆದಿದ್ದೇನೆ, ಈ ಓಣಿಗೆ ಕೂಡಲೇ ಗಂಜಿ ಕೇಂದ್ರ ತೆರೆಯಬೇಕು ಎಂದಿತ್ತು. ನನ್ನ ಹೆಸರು ಎಲ್ಲಿಯೂ ಇರಲಿಲ್ಲ. ನಾನೂ ಸುಮ್ಮನೆ ಬರೆದೆ, ನನ್ನ ಹೆಸರನ್ನೂ ಸೇರಿಸಿರಿ ಎನ್ನಲಿಲ್ಲ. ನನಗೆ ಆ ಸಂಬಳ ಬೇಕಾಗಿತ್ತು. ಒಬ್ಬ ಸಾಹೇಬರು ಜೀಪಿನಲ್ಲಿ ಬಂದು, ಒಂದು ಓಣಿಯ ತೂಕ ತಪ್ಪಿದರೆ ಉಳಿದ ಊರುಗಳದ್ದನ್ನು ಹೇಗೆ ನಂಬುವುದು ಎಂದು ಕೂಗಾಡಿದರು. “ನಂಬಬ್ಯಾಡ್ರಿ,” ಎಂದರು ಬಾಯಿಯವರು. “ಮತ್ತೊಬ್ಬರ್‍ನ ಕಳಿಸಿ ಮತ್ತ ತೂಗಸ್ರಿ. ಆದ್ರ ಗಂಜಿ ಮೊದಲ ಕಳಿಸ್ರಿ.” ಗಂಜಿ ಬಂತು. ಬೇಸಗೆ ಮುಗಿಯುವುದರೊಳಗೆ ಬಾಯಿಯವರ ಕೆಲಸ ಹೋಯಿತು. ನನ್ನದು ಉಳಿಯಿತು. ಆ ಕೆಲಸದ ಆಧಾರದ ಮೇಲೆಯೇ ನನಗೆ ಮುಂದೆ ಕಾಯಂ ನೌಕರಿ ಸಿಕ್ಕಿತು, ಈಗ ಪಿಂಚಣಿಯೂ ಬರುತ್ತಿದೆ.

ಆಮೇಲೆ ಅವರು ಮಿರಜಿನಲ್ಲಿ ತಂಗಿಯ ಮನೆಯಲ್ಲಿದ್ದರು. ಸಂಕ್ರಾಂತಿಗೊಂದು ಕಾರ್ಡು ಬರುತ್ತಿತ್ತು. ಮಳೆ ಹೇಗಿದೆ, ನಿನ್ನ ಕೆಮ್ಮು ಹೇಗಿದೆ ಎಂದು ಕೇಳುವರು. ಬನಹಟ್ಟಿಯ ಮಾತನ್ನು ಅವರೂ ಬರೆಯಲಿಲ್ಲ, ನಾನೂ ಬರೆಯಲಿಲ್ಲ. ಒಮ್ಮೆ ಹೋಗಿ ಕಾಣಬೇಕೆಂದು ಎಷ್ಟೋ ಸಲ ಅಂದುಕೊಂಡೆ. ಕುಡಚಿಗೆ ಹೋಗಿ ರೈಲು ಹಿಡಿದರೆ ಮಧ್ಯಾಹ್ನದೊಳಗೆ ಮಿರಜು. ಹೋಗಲಿಲ್ಲ. ಕಾರಣವೇನೂ ಇರಲಿಲ್ಲ.

ಅವರೆಂದರೆ ನನಗೆ ಕಾಣುವುದು ಬನಹಟ್ಟಿಯಲ್ಲಿ ಗಂಜಿ ಕೇಂದ್ರ ತೆರೆದ ದಿನದ ಬಾಯಿಯವರು. ಓಣಿಯ ಕೊನೆಗೆ ಒಂದು ಬೇವಿನ ಮರ. ಅದರ ಕೆಳಗೆ ಕಲ್ಲು ಹೂಡಿ, ದೊಡ್ಡ ಹಂಡೆಯಲ್ಲಿ ಜೋಳದ ನುಚ್ಚಿನ ಗಂಜಿ ಕುದಿಸಿದ್ದೆವು. ಗಂಜಿಯ ವಾಸನೆ ಒಂಬತ್ತೂ ಮನೆಗೆ ಹೋಗಿರಬೇಕು. ಯಾರೂ ಬರಲಿಲ್ಲ. ಬಾಗಿಲ ಸಂದಿಯಲ್ಲಿ ಮಕ್ಕಳ ಮುಖ ಕಾಣುತ್ತಿತ್ತು, ಹಿಂದಿನಿಂದ ಒಂದು ಕೈ ಬಂದು ಅವನ್ನು ಒಳಗೆ ಎಳೆದುಕೊಳ್ಳುತ್ತಿತ್ತು. ನಾನು ಮನೆಮನೆಗೆ ಹೋಗಿ ಕರೆದೆ. “ನಮ್ಮದು ಊಟಾತ್ರಿ ಅಕ್ಕಾರ,” ಎಂದರು. ಬಿಸಿಲು ನೆತ್ತಿಗೆ ಬಂತು. ಹಂಡೆಯ ಮೇಲೆ ಕೆನೆ ಕಟ್ಟಿತು.

ಬಾಯಿಯವರು ಕೊಡೆ ಮಡಚಿ ಮರಕ್ಕೆ ಆನಿಸಿದರು. “ತಂಗಿ, ನನಗ ಹಸಿವ್ಯಾಗೇದ, ನೀಡು,” ಎಂದರು.

ನನಗೆ ಅರ್ಥವಾಗಲಿಲ್ಲ. “ಇದು ನಾ ಮಾಡೇನ್ರಿ,” ಎಂದೆ.

“ಗೊತ್ತದ. ನೀಡು.”

ಓಣಿಯ ನಡುವೆ, ಎಲ್ಲ ಬಾಗಿಲುಗಳಿಗೂ ಕಾಣುವ ಹಾಗೆ, ಬರೀ ನೆಲದ ಮೇಲೆ ಕೂತರು. ಅಲ್ಯುಮಿನಿಯಂ ತಟ್ಟೆಯಲ್ಲಿ ಗಂಜಿ ಹಾಕಿಕೊಟ್ಟೆ. ಮೊದಲ ತುತ್ತು ಬಾಯಿಗೆ ಹೋಗುವ ಮುಂಚೆ ಕಣ್ಣು ಮುಚ್ಚಿದರು. ನುಂಗಿದರು. ಎರಡನೆಯದನ್ನು ಕಣ್ಣು ತೆರೆದೇ ಉಂಡರು. ಇದಕ್ಕಾಗಿ ಅವರ ಸ್ವಂತ ಅಣ್ಣ ಮುಂದೆ ಅವರನ್ನು ಮನೆಯ ಹೊಸ್ತಿಲು ತುಳಿಯಗೊಡಲಿಲ್ಲ.

ಮೊದಲು ಆ ಮೊದಲ ಮನೆಯ ಮುದುಕಿ ಬಂದಳು. ಅವಳ ಹಿಂದೆ ಇನ್ನೊಬ್ಬಳು. ಆಮೇಲೆ ಸಾಲು ನಿಂತಿತು. ನನ್ನ ಹತ್ತಿರ ಮನೆಮನೆಯ ಪಟ್ಟಿಯಿತ್ತು, ಯಾವ ಮನೆಯಲ್ಲಿ ಎಷ್ಟು ಜನ ಎಂದು. ತಲೆಗೊಂದು ಸೌಟು. ಗಂಗವ್ವ ಬಂದಳು. ಅವಳ ಮುಖ ನೋಡಲಾರದೆ ಪಟ್ಟಿ ನೋಡಿದೆ. ನಾಲ್ಕು ಎಂದಿತ್ತು. ಕೇಳದೆಯೇ ನಾಲ್ಕು ಸೌಟು ಹಾಕಿದೆ. ಅದೊಂದನ್ನಾದರೂ ಕೊಡೋಣ, ಯಾರು ಕೇಳುತ್ತಾರೆ ಎಂದುಕೊಂಡಿದ್ದೆ.

ಗಂಗವ್ವ ಪಾತ್ರೆಯೊಳಗೆ ನೋಡಿದಳು. “ಅಕ್ಕಾರ, ನಾವೀಗ ಮೂರ ಮಂದಿರಿ,” ಎಂದಳು. ಹಂಡೆಯ ಮೇಲೆ ಪಾತ್ರೆ ಬಗ್ಗಿಸಿ, ಅಳತೆ ತಪ್ಪದ ಹಾಗೆ ಒಂದು ಸೌಟಿನಷ್ಟನ್ನು ಹಿಂದಕ್ಕೆ ಸುರಿದು ಹೋದಳು.